ಕೂಗದೆ ಬಿಟ್ಟ ಊರು

ಶ್ರೀರಂಗಪಟ್ಟಣ
೧೧ ನವೆಂಬರ್ ೨೦೨೪, ಸೋಮವಾರ (ವಾರಗಳನ್ನೂ ನೀವು ಕಲಸಿರದಿದ್ದರೆ)

ಪ್ರೀತಿಯ ಬೇಟಿ ಮಹ್ವಿಶ್‌ಗೆ ಅಬ್ಬಾನ ಸಲಾಂ ಮತ್ತು ದುವಾ.

ಹೇಗಿದ್ದೀಯ? ಹೊತ್ತಿಗೆ ಸರಿಯಾಗಿ ಉಣ್ಣುತ್ತೀಯಾ? ಹೇಮಗಿರಿಯ ಹೊಳೆದಂಡೆಯಲ್ಲಿ ಈಗ ಚಳಿ, ಕಿವಿಗೆ ಬಟ್ಟೆ ಕಟ್ಟಿಕೊ. ಗಂಟಲು ಜೋಪಾನ. ನನ್ನ ಗಂಟಲಿನ ಕಥೆ ಕೇಳಬೇಡ. ಡಾಕ್ಟರು ಗಡ್ಡೆ ತೆಗೆದ ಮೇಲೆ ಮಾತೇ ಹೊರಡುತ್ತಿಲ್ಲ, ಸೈಕಲ್ ಟ್ಯೂಬಿನಿಂದ ಗಾಳಿ ಹೋದ ಹಾಗೆ ಬರೀ ಸುಸ್ ಅನ್ನುತ್ತದೆ. ಜೀವಮಾನವಿಡೀ ಫುಟ್‌ಬೋರ್ಡಿನ ಮೇಲೆ ನಿಂತು ಕೂಗಿದ ಕಂಡಕ್ಟರ್ ಕಲೀಂ ಈಗ ಗಂಜಿ ಬೇಕೆಂದರೂ ಕೈಸನ್ನೆ ಮಾಡಬೇಕು. ಬೈರಮ್ಮ ನಿಮ್ಮ ಪಡೆಗೆ ಮೊಸರು ಮಾರಲು ಬರುತ್ತಾಳಲ್ಲ, ಅವಳ ತಲೆಯ ಸಿಂಬೆಯೊಳಗೆ ಈ ಕಾಗದ ಬಚ್ಚಿಟ್ಟು ಕಳಿಸುತ್ತಿದ್ದೇನೆ.

ನಮ್ಮ ಸೀಮೆಯಲ್ಲಿ ಬೆಳಗಿನ ಮೊದಲ ಬಸ್ಸಿನ ಕೂಗೇ ಊರುಗಳನ್ನು ಹಿಡಿದಿಡುತ್ತದೆ ಎಂದು ನಿನಗೆ ನಾನು ಹೇಳಿಕೊಡಬೇಕೇ? ಕಂಡಕ್ಟರ್ ಯಾವ ಸಾಲಿನಲ್ಲಿ ಕೂಗುತ್ತಾನೋ ಊರುಗಳು ಆ ಸಾಲಿನಲ್ಲೇ ನಿಲ್ಲುತ್ತವೆ. ನನ್ನ ಗಂಟಲು ಕೈಕೊಟ್ಟಾಗ ನಿನ್ನನ್ನೇ ಫುಟ್‌ಬೋರ್ಡ್ ಹತ್ತಿಸಿದೆ. "ಶ್ರೀರಂಗಪಟ್ಣ, ಪಾಂಡವ್ಪುರ, ಚಿನಕುರ್ಳಿ, ಕೆಆರ್‌ಪ್ಯಾಟೆ, ಸಂತೆಬಾಚಳ್ಳಿ, ನಾಗ್ಮಂಗ್ಲಾ..." ನೀನು ಕೂಗಿದರೆ ಸ್ಟ್ಯಾಂಡಿನ ಪಾರಿವಾಳಗಳೂ ಸುಮ್ಮನಾಗುತ್ತಿದ್ದವು. ಆಮೇಲೆ ಸಂತೆಬಾಚಹಳ್ಳಿಯ ಆ ಬಸುರಿ, ಆಸ್ಪತ್ರೆಯ ಊರು ಬರುವಷ್ಟರಲ್ಲಿ ನಮ್ಮ ಬಸ್ಸಿನಲ್ಲೇ, ನಿನ್ನ ತೊಡೆಯ ಮೇಲೇ, ಜೀವ ಬಿಟ್ಟಳು. "ಊರ್ಗಳೇನ್ ಗೂಟಕ್ಕೆ ಕಟ್ಟಿದ್ ಎಮ್ಮೇನಾ ಅಬ್ಬಾ, ಯಾವಾಗ್ಲೂ ಒಂದೇ ಸಾಲ್ನಲ್ಲಿ ನಿಂತ್ಕಳಕ್ಕೆ?" ಎಂದು ಕೇಳಿ ಅಡ್ಡಾದಿಡ್ಡಿ ಪಡೆಗೆ ಸೇರಿಬಿಟ್ಟೆ. ಸಾಲು ಮುರಿದರೇ ನ್ಯಾಯ ಎನ್ನುವ ಆ ಪೋಕರಿಗಳಿಗೆ ಬೇಕಿದ್ದದ್ದು ನಿನ್ನಂಥ ಗಂಟಲೇ. ನೀನು ಮೊದಲ ಸಲ ಹಿಂದುಮುಂದಾಗಿ ಕೂಗಿದ ದಿನ ಆಸ್ಪತ್ರೆ ಸಂತೆಬಾಚಹಳ್ಳಿಯ ಸಂತೆಮಾಳದ ಪಕ್ಕಕ್ಕೇ ಬಂದು ನಿಂತಿತು. ಆ ಊರಿನ ಬೆಟ್ಟಮ್ಮನ ತುಂಬು ಬಸುರಿ ಸೊಸೆ ಬದುಕಿದಳು, ಮಗುವೂ ಬದುಕಿತು. ನಿನ್ನನ್ನು ಬೈದುಕೊಂಡೇ ಹೆಮ್ಮೆಪಟ್ಟೆ, ಸುಳ್ಳು ಯಾಕೆ ಹೇಳಲಿ. ಆದರೆ ಈಗ ನಿಮ್ಮವರಿಗೆ ಕಲಕುವುದೇ ಕಸುಬಾಗಿದೆ, ಹೊತ್ತಿಲ್ಲ ಗೊತ್ತಿಲ್ಲ, ಮನಸ್ಸಿಗೆ ಬಂದಾಗ ಕೂಗಿಸುತ್ತಾರೆ. ಗದ್ದೆಗೆ ನೀರು ಕಟ್ಟಲು ಹೋದವನು ವಾಪಸು ಬಂದರೆ ಅವನ ಮನೆ ಇದ್ದ ಕಡೆ ಇನ್ನಾವುದೋ ಊರಿನ ಕೆರೆ ಇರುತ್ತದೆ.

ಈಗ ಎದೆ ಗಟ್ಟಿ ಮಾಡಿಕೊಂಡು ಓದು. ಶುಕ್ರವಾರ ನಿನ್ನ ಅಮ್ಮಿ ಹೇಮಗಿರಿಗೆ ಬಂದಿದ್ದಳು. ಬೇಡವೆಂದು ನಾನು ಬಾಗಿಲಿಗೆ ಅಡ್ಡ ನಿಂತೆ. "ಪಡೆ ಗಿಡೆ ಅತ್ಲಾಗಿರ್ಲಿ ಬುಡಿ, ಮಗಾ ಉಂಡವ್ಳಾ ಇಲ್ವಾ ನೋಡ್ಕಂಡ್ ಬತ್ತೀನಿ" ಎಂದು ಡಬ್ಬಿಗೆ ಖೀಮಾ ತುಂಬಿಕೊಂಡು ಹೊರಟೇಬಿಟ್ಟಳು. ನಿಮ್ಮ ಕಾವಲಿನವರು ಅವಳನ್ನು ಹತ್ತಿರ ಬಿಡಲಿಲ್ಲ. ದೂರದಿಂದಲೇ ನಿನ್ನನ್ನು ನೋಡಿ, ಡಬ್ಬಿ ಹಿಡಿದುಕೊಂಡು ವಾಪಸು ಬಸ್ಸು ಹತ್ತಿದಳು. ಬಸ್ಸು ಹೊರಡುವುದಕ್ಕೂ ನೀನು ಬಂಡೆಯ ಮೇಲೆ ನಿಂತು ಕೂಗುವುದಕ್ಕೂ ಸರಿಹೋಯಿತು. ಆ ಬಸ್ಸು ಇನ್ನೂ ಓಡುತ್ತಲೇ ಇದೆ. ಕೂಗಿದ ಊರಿನಲ್ಲಿ ಮಾತ್ರ ಅದು ನಿಲ್ಲುತ್ತದೆ, ಅವರವರ ಊರಿನಲ್ಲಿ ಮಾತ್ರ ಅವರವರನ್ನು ಇಳಿಸುತ್ತದೆ. ಒಳಗಿದ್ದವರೆಲ್ಲ ಒಬ್ಬೊಬ್ಬರಾಗಿ ಇಳಿದರು. ಪಾಂಡವಪುರದ ಡ್ರೈವರ್ ಚಿಕ್ಕಸ್ವಾಮಿಯೂ ನಿನ್ನೆ ಇಳಿದವನೇ ನನ್ನ ಹತ್ತಿರ ಓಡಿಬಂದ. "ನಮ್ಮೂರು ಬಂದೇಟ್ಗೆ ನನ್ನ ಸೀಟಿಂದ ಎಳ್ದು ಬಿಸಾಕ್ಬುಡ್ತು ಕಣಣ್ಣೋ. ಬಸ್ಸು ಅದ್ರ ಪಾಡ್ಗೆ ಅದು ಓಡ್ತಾ ಅದೆ, ಒಳ್ಗೆ ಅಕ್ಕಾವ್ರು ಒಬ್ರೇ ಅವ್ರೆ" ಎಂದು ಅತ್ತ.

ಅವಳೊಬ್ಬಳಿಗೇ ಯಾಕೆ ಬಾಗಿಲು ತೆರೆಯುತ್ತಿಲ್ಲ ಎಂದು ಯೋಚಿಸಿ ನನ್ನ ತಲೆ ಕೆಟ್ಟುಹೋಗಿತ್ತು. ಇವತ್ತು ಬೈರಮ್ಮನನ್ನು ಕೂರಿಸಿಕೊಂಡು, ನೀನು ಹೇಗೆ ಕೂಗುತ್ತೀಯೆಂದು ಅವಳ ಬಾಯಲ್ಲಿ ಹೇಳಿಸಿದೆ. ಎಲ್ಲ ಊರೂ ಇವೆ, ನಮ್ಮೂರು ಶ್ರೀರಂಗಪಟ್ಟಣ ಮಾತ್ರ ಇಲ್ಲ. ಯಾಕೆಂದು ನನಗೆ ಗೊತ್ತು ಬೇಟಾ. ಕೂಗಿದರೆ ನಮ್ಮ ಮನೆ ಅಲುಗಾಡೀತು, ಅಬ್ಬಾ ಅಮ್ಮಿ ಎಲ್ಲೋ ಹೋಗಿ ಬಿದ್ದಾರು ಎಂದು ಬೇಕೆಂದೇ ಬಿಟ್ಟಿದ್ದೀಯ. ನಮ್ಮನ್ನು ಕಾಯಲು ನೀನು ಬಿಟ್ಟ ಹೆಸರೇ ಅಮ್ಮಿಗೆ ಇಳಿಯಲು ಜಾಗವಿಲ್ಲದಂತೆ ಮಾಡಿದೆ. ಕೂಗದ ಊರೂ ಬಹಳ ದಿನ ನಿಲ್ಲುವುದಿಲ್ಲ. ಬಸ್ ಸ್ಟ್ಯಾಂಡಿನ ಗೋಡೆ ತೆಳ್ಳಗಾಗಿ ಅದರೊಳಗಿಂದಲೇ ಹೊಳೆ ಕಾಣಿಸುತ್ತಿದೆ. ನಾನೂ ಅಲ್ಲಿ ನಿಂತು ಕೂಗಲು ನೋಡಿದೆ, ಸುಸ್ ಎಂದಿತು, ಅಷ್ಟೆ. ಭಯವಾಗುತ್ತಿದೆ ಮಗಳೇ. ದಮ್ಮಯ್ಯ ಅನ್ನುತ್ತೇನೆ, ಪಡೆ ಬಿಟ್ಟು ಬಂದುಬಿಡು, ಮೊದಲಿನ ಸಾಲಿನಲ್ಲೇ ಎಲ್ಲವನ್ನೂ ಒಂದು ಸಲ ಕೂಗಿ ಸರಿ ಮಾಡು.

ಅಲ್ಲಾಹ್ ನಿನ್ನನ್ನೂ ನಿನ್ನ ಗಂಟಲನ್ನೂ ಕಾಪಾಡಲಿ. ಪಕ್ಕದ ಮನೆಯ ಪಾರ್ವತಮ್ಮ ನಿನ್ನನ್ನು ಕೇಳಿದಳೆಂದು ಬರೆಯಲು ಹೇಳಿದ್ದಾಳೆ.

ನಿನ್ನ ಅಬ್ಬಾ,
ಕಲೀಂ

ತಾ.ಕ.: ಬೇರೆ ಕಾಗದ ಬರೆಯಲು ಹೊತ್ತಿಲ್ಲ, ಬೈರಮ್ಮ ಬಾಗಿಲಲ್ಲಿ ನಿಂತಿದ್ದಾಳೆ. ಈಗತಾನೇ ಬಸ್ಸು ಸೇತುವೆಯ ಮೇಲೆ ಹಾದುಹೋಯಿತು. ಇಲ್ಲಿ ಸ್ವಲ್ಪ ನಿಧಾನವಾಗುತ್ತದೆ, ನಿಲ್ಲುವುದಿಲ್ಲ. ಅಮ್ಮಿ ಕಿಟಕಿಯಲ್ಲಿದ್ದಳು, ಸೊರಗಿಹೋಗಿದ್ದಾಳೆ. ನನ್ನನ್ನು ನೋಡಿ ಡಬ್ಬಿ ಎತ್ತಿ ತೋರಿಸಿದಳು. ಇಷ್ಟು ದಿನವಾದರೂ ಅದರ ಮುಚ್ಚಳ ತೆಗೆದಿಲ್ಲ, ನಿನಗೆಂದು ಮಾಡಿದ್ದಲ್ಲವೇ. ಹತ್ತುವವರನ್ನು ಬಸ್ಸು ತಡೆಯುವುದಿಲ್ಲವೆಂದು ಚಿಕ್ಕಸ್ವಾಮಿ ಹೇಳಿದ. ಇನ್ನೊಮ್ಮೆ ಬಂದಾಗ ನಾನೂ ಓಡಿ ಹತ್ತಿಬಿಡುತ್ತೇನೆ, ಅವಳೊಬ್ಬಳನ್ನೇ ಬಿಡಲಾರೆ. ಹತ್ತಿದ ಮೇಲೆ ಇಳಿಯುವುದು ನನ್ನ ಕೈಯಲ್ಲಿಲ್ಲ, ನನ್ನದೂ ಇದೇ ಊರು. ನೀನು ಪಡೆ ಬಿಡದಿದ್ದರೆ ಬೇಡ, ಸಾಲು ಸರಿ ಮಾಡದಿದ್ದರೂ ಬೇಡ. ಮೊದಲೋ ನಡುವೆಯೋ ಕೊನೆಗೋ, ನಿನಗೆ ತೋಚಿದ ಕಡೆ ನಮ್ಮೂರಿನ ಹೆಸರನ್ನೂ ಸೇರಿಸಿ ಕೂಗು. ಮನೆ ಎಲ್ಲಿ ಹೋಗಿ ಬಿದ್ದರೂ ಬೀಳಲಿ. ನಾವಿಬ್ಬರೂ ಬಾಗಿಲ ಹತ್ತಿರವೇ ನಿಂತಿರುತ್ತೇವೆ.