ಕ್ವಾರ್ಟರ್ಸ್‌ನಲ್ಲಿದ್ದವರಿಗೆ ಬಾಡಿಗೆ ಭತ್ಯೆ ಇಲ್ಲ

೬ ಆಗಸ್ಟ್ ೨೦೨೪, ಮಂಗಳವಾರ

ಇನ್ನೂ ಕೆಲವರ ಹೊಸ ಸಂಬಳದ ಫಿಕ್ಸೇಷನ್ ಬಾಕಿ. ಏಳನೇ ವೇತನ ಆಯೋಗ ಬಂದಾಗಿನಿಂದ ನಮ್ಮ ಬೇಲೂರು ಆಫೀಸು ಪೂರ್ತಿ ನನ್ನ ಟೇಬಲ್ ಮುಂದೆಯೇ ಇದೆ. ಹಳೇ ಬೇಸಿಕ್, ಅದರ ಮೇಲೆ ಮೂವತ್ತೊಂದು ಪರ್ಸೆಂಟ್ ಡಿಎ, ಇಪ್ಪತ್ತೇಳೂವರೆ ಫಿಟ್‌ಮೆಂಟ್, ಕೂಡಿಸಿ ಹೊಸ ಸ್ಕೇಲಿನಲ್ಲಿ ಕೂರಿಸುವುದು. ಇಷ್ಟೇ. ಜಾಸ್ತಿ ಬಂದರೆ ನನ್ನ ಪರ್ಸಿನಿಂದ ಕೊಟ್ಟೆ ಎನ್ನುವ ಹಾಗೆ ನಗುತ್ತಾರೆ. ಕಡಿಮೆ ಕಂಡರೆ ನಾನೇ ಕದ್ದೆ ಎನ್ನುವ ಹಾಗೆ ನೋಡುತ್ತಾರೆ.

ಡ್ರೈವರ್ ಗಿಡ್ಡಯ್ಯ ಡಿಎ ಕಾಲಂ ನೋಡಿ ಬೆಂಚಿನ ಮೇಲೆ ಕುಸಿದರು. ನಲವತ್ತೆರಡೂವರೆ ಇದ್ದದ್ದು ಎಂಟೂವರೆ ಆಗಿದೆ, ಮಗಳ ಮದುವೆ ಹೇಗೆ ಮಾಡಲಿ ಎಂದರು. ಹಳೇ ಡಿಎ ಬೇಸಿಕ್ಕಿನೊಳಗೆ ಸೇರಿಕೊಂಡಿದೆ, ಒಟ್ಟು ಜಾಸ್ತಿಯೇ ಆಗಿದೆ ಎಂದು ಎಷ್ಟು ಹೇಳಿದರೂ ಒಪ್ಪಲಿಲ್ಲ. ಕೊನೆಗೆ ಕೈಗೆ ಬರುವುದು ಇಷ್ಟು ಎಂದು ಚೀಟಿಯಲ್ಲಿ ಬರೆದುಕೊಟ್ಟೆ. ಮಡಿಸಿ ಜೇಬಿಗಿಟ್ಟು ಎಲ್ಲರಿಗೂ ಟೀ ತರಿಸಿದರು.

ಕೊನೆಗೆ ನಮ್ಮನೆಯವರದು. ಫೀಲ್ಡ್ ಇನ್ಸ್‌ಪೆಕ್ಟರ್ ರವಿಕುಮಾರ್. ಆಫೀಸಿನಲ್ಲಿ ನಾನು ‘ಮೇಡಂ’, ಮನೆಯಲ್ಲಿ ‘ಧನು’. ಬೇಸಿಕ್ ಚೆನ್ನಾಗಿ ಏರಿದೆ. ಬಾಡಿಗೆ ಭತ್ಯೆಯ ಕಾಲಂ ಮಾತ್ರ ಸೊನ್ನೆ. ನನ್ನದೂ ಸೊನ್ನೆ. ಅವರ ಹೆಸರಿಗೆ ಸರ್ಕಾರಿ ಕ್ವಾರ್ಟರ್ಸ್ ಇದೆ, ಆದ್ದರಿಂದ ಅವರಿಗಿಲ್ಲ. ಅದೇ ಊರಿನಲ್ಲಿ ಕೆಲಸ ಮಾಡುವ ಹೆಂಡತಿಗೂ ಇಲ್ಲ. ಇದು ಗೊತ್ತಿರುವ ನಿಯಮವೇ. ಇಷ್ಟು ದಿನ ಸಣ್ಣ ಬೇಸಿಕ್ಕಿಗೆ ಸಣ್ಣ ಸೊನ್ನೆ ಎನ್ನಿಸುತ್ತಿತ್ತು. ಇವತ್ತು ಅದೇ ಸೊನ್ನೆ ದೊಡ್ಡದಾಗಿ ಕಂಡಿತು.

೯ ಆಗಸ್ಟ್

ಊಟದ ಹೊತ್ತಿಗೆ ರವಿಗೆ ಲೆಕ್ಕ ತೋರಿಸಿದೆ. ಕ್ವಾರ್ಟರ್ಸ್ ಬಿಟ್ಟರೆ ಇಬ್ಬರಿಗೂ ಏಳೂವರೆ ಪರ್ಸೆಂಟ್. ಅಷ್ಟರಲ್ಲಿ ಹೊಸ ಬಡಾವಣೆಯಲ್ಲಿ ಸಂಪು, ಟೈಲ್ಸ್ ಹಾಕಿದ ಬಾತ್‌ರೂಮು ಇರುವ ಮನೆ ಸಿಗುತ್ತದೆ. ಮೇಲೆ ಒಂದಿಷ್ಟು ಉಳಿಯುತ್ತದೆ. ಇಲ್ಲಿ ಏನಿದೆ? ಬ್ರಿಟಿಷರ ಕಾಲದ ಸೋರುವ ಹೆಂಚು. ಮಂಚದ ಮೇಲೆ ಬೇಸಿನ್, ಬೇಸಿನ್ನಿನ ಎಡಕ್ಕೆ ಅವರು, ಬಲಕ್ಕೆ ನಾನು.

ಸಾರು ಕಲಸುತ್ತ ಎಲ್ಲ ಕೇಳಿಸಿಕೊಂಡರು. ಈ ಮನೆ ಬಿಡುವುದಿಲ್ಲ ಎಂದರು. ಯಾಕೆ ಎಂದೆ. ಬಿಡುವುದಿಲ್ಲ ಎಂದೆನಲ್ಲ ಎಂದರು. ಮದುವೆಯಾಗಿ ನಾಲ್ಕು ವರ್ಷ. ಕಾರಣ ಕೊಡದೆ ಬೇಡ ಎಂದದ್ದು ಇದೇ ಮೊದಲು.

೧೪ ಆಗಸ್ಟ್

ಮಳೆ. ನಾಳೆ ಧ್ವಜಾರೋಹಣಕ್ಕೆಂದು ಇಸ್ತ್ರಿ ಮಾಡಿಟ್ಟ ಸೀರೆಯ ಮೇಲೇ ನೀರು. ನಾನು ಬಾಯಿ ಮಾಡಿದೆ. ಅವರು ಬೇಸಿನ್ ತಂದು ಸೀರೆಯ ಪಕ್ಕ ಇಟ್ಟರು. ಅದನ್ನು ನೋಡಿ ಇನ್ನೂ ಸಿಟ್ಟು ಬಂತು.

ಕೊನೆಗೆ ಅವರೂ ಬಾಯಿ ಬಿಟ್ಟರು. "ನಿಂಗೆ ಮನೇನೂ ಒಂದು ಕಾಲಮ್ಮೇ ಅಲ್ವಾ?"

ಹೌದು, ಸೊನ್ನೆ ಇರುವ ಕಾಲಂ ಎಂದೆ. ಹಾಗೆನ್ನಬಾರದಿತ್ತು. ಅಂದುಬಿಟ್ಟೆ.

೧೭ ಆಗಸ್ಟ್, ಶನಿವಾರ

ಮನೆ ಹುಡುಕಿದೆ, ನನಗೊಬ್ಬಳಿಗೆ. ಮೊದಲನೆಯ ಓನರ್ ಎಲ್ಲ ತೋರಿಸಿ, ಕೊನೆಗೆ ನೀವು ಯಾವ ಕಡೆಯವರು ಎಂದರು. ಹಾರನಹಳ್ಳಿ ಕಡೆ ಎಂದೆ. ಅದಲ್ಲ, ಯಾವ ಜನ ಎಂದರು. ಹೇಳಿದೆ. ಅಯ್ಯೋ, ಬೆಳಿಗ್ಗೆಯೇ ಯಾರೋ ಅಡ್ವಾನ್ಸ್ ಕೊಟ್ಟು ಹೋದರು, ಮರೆತೇಬಿಟ್ಟಿದ್ದೆ ಎಂದರು. ಎರಡನೆಯವರೂ ಹೀಗೇ ಏನೋ ಮರೆತಿದ್ದರು.

ಮೂರನೆಯವರು ಕಾಂತಮ್ಮ. ತೀರಿಹೋದ ಮೇಷ್ಟ್ರೊಬ್ಬರ ಹೆಂಡತಿ. ಹಣೆತುಂಬ ವಿಭೂತಿ. ಅವರೂ ಕೇಳಿದರು, ಆದರೆ ಬೇರೆಯದು — ಸಂಬಳದ ಬಿಲ್ ಮಾಡುವವಳು ನೀನೇನಾ? ಹೌದು ಎಂದೆ. ಹಾಗಾದರೆ ನನ್ನ ಫ್ಯಾಮಿಲಿ ಪೆನ್ಷನ್ ಹೊಸ ಆಯೋಗದಲ್ಲಿ ಎಷ್ಟಾಗುತ್ತೆ ನೋಡು ಎಂದು ಚಾವಡಿಯಲ್ಲೇ ಕೂರಿಸಿದರು. ಮಹಡಿಯ ರೂಮು ಸಿಕ್ಕಿತು.

ಸಂಜೆ ಬಟ್ಟೆ, ರೈಸ್ ಕುಕ್ಕರ್ ತಂದೆ. ಪ್ರೆಷರ್ ಕುಕ್ಕರ್ ರವಿಗೆ ಬಿಟ್ಟೆ. ಬ್ಯಾಗನ್ನು ಅವರೇ ಸ್ಕೂಟರಿನ ಮುಂದೆ ಇಟ್ಟುಕೊಂಡು ಬಂದು ಇಳಿಸಿ ಹೋದರು.

೨೦ ಆಗಸ್ಟ್

ಬೇರೆ ಇದ್ದೇನೆ, ಬಾಡಿಗೆ ಕಟ್ಟುತ್ತಿದ್ದೇನೆ. ಭತ್ಯೆ ಕೇಳುವುದು ನ್ಯಾಯ. ಸಾಹೇಬರಿಗೆ ಅರ್ಜಿ ಬರೆದೆ. ನಂಜುಂಡಯ್ಯ ಸಾಹೇಬರು ಓದಿ, ‘ಪರಿಶೀಲಿಸಿ ಮಂಡಿಸಿ’ ಎಂದು ಷರಾ ಬರೆದು ಸಿಬ್ಬಂದಿ ವಿಭಾಗಕ್ಕೆ ಕಳಿಸಿದರು. ಸಿಬ್ಬಂದಿ ವಿಭಾಗ ಎಂದರೆ ನಾನು.

ಪರಿಶೀಲಿಸಿದೆ. ಪತಿಗೆ ಅದೇ ಊರಿನಲ್ಲಿ ಸರ್ಕಾರಿ ವಸತಿ ಇದೆ. ಪತ್ನಿ ಬೇರೆ ವಾಸವಿದ್ದರೆ ಸಾಲದು, ಕೋರ್ಟೇ ಬೇರೆ ಮಾಡಿರಬೇಕು. ಸಿಟ್ಟು ಬಂದು ರೈಸ್ ಕುಕ್ಕರ್ ತೆಗೆದುಕೊಂಡು ಹೋದವರ ಬಗ್ಗೆ ನಿಯಮ ಏನೂ ಹೇಳುವುದಿಲ್ಲ. ‘ಅರ್ಜಿದಾರರ ಕೋರಿಕೆಯನ್ನು ಪರಿಗಣಿಸಲು ನಿಯಮಗಳಲ್ಲಿ ಅವಕಾಶವಿರುವುದಿಲ್ಲ’ ಎಂದು ಟಿಪ್ಪಣಿ ಮಂಡಿಸಿದೆ.

ಸಾಹೇಬರು ಸಹಿ ಹಾಕುತ್ತ, ಅರ್ಜಿದಾರರು ಬೇಜಾರು ಮಾಡಿಕೊಳ್ಳುವುದಿಲ್ಲವೇ ಎಂದರು. ಅವರಿಗೆ ತಿಳಿಹೇಳುತ್ತೇನೆ ಸರ್ ಎಂದೆ. ಹಿಂಬರಹ ಟೈಪ್ ಮಾಡಿ, ನನಗೇ ಕೊಟ್ಟು, ಸ್ವೀಕೃತಿಗೆ ಸಹಿ ಹಾಕಿಸಿಕೊಂಡೆ. ಅರ್ಜಿದಾರರಿಗೆ ಬೇಜಾರಾಯಿತು.

೨೩ ಆಗಸ್ಟ್, ಶುಕ್ರವಾರ. ಮಧ್ಯಾಹ್ನ

ಬಿಲ್ ದಿನ. ಒಟಿಪಿ ಸಾಹೇಬರ ಫೋನಿಗೆ ಬರುತ್ತದೆ, ಅವರ ಚೇಂಬರಿನಲ್ಲಿ ಸಿಗ್ನಲ್ ಇಲ್ಲ. ಅವರು ಬಾದಾಮಿ ಮರದ ಕೆಳಗೆ ನಿಂತು ನಂಬರು ಕೂಗುತ್ತಾರೆ, ಗಿಡ್ಡಯ್ಯ ಬಾಗಿಲಲ್ಲಿ ನಿಂತು ಅದನ್ನೇ ಒಳಕ್ಕೆ ಕೂಗುತ್ತಾರೆ, ನಾನು ಒತ್ತುವಷ್ಟರಲ್ಲಿ ಟೈಮ್ ಮುಗಿದಿರುತ್ತದೆ.

ಈ ಗಲಾಟೆಯಲ್ಲಿ ರವಿ ಬಂದರು. ಫಿಕ್ಸೇಷನ್ನಿಗೆ ಸಹಿ ಹಾಕಬೇಕಿತ್ತು. ಎದುರು ಕೂತರು. ಶರಟಿನ ಕಾಲರಿಗೆ ಇಸ್ತ್ರಿ ಇಲ್ಲ. ಕಾಲಂಗಳನ್ನು ಒಂದೊಂದಾಗಿ ನೋಡಿದರು.

"ಮೇಡಂ, ಎಚ್‌ಆರ್‌ಎ ಸೊನ್ನೆ ಇದೆ."

"ನಿಮಗೆ ಕ್ವಾರ್ಟರ್ಸ್ ಇದೆಯಲ್ಲ."

"ಕ್ವಾರ್ಟರ್ಸಲ್ಲಿ ಒಬ್ನೇ ಇದ್ದೀನಿ."

"ಅದಕ್ಕೆ ಭತ್ಯೆ ಇಲ್ಲ."

ಪಕ್ಕದ ಟೇಬಲ್ಲಿನ ಶಿಲ್ಪಾ ಟೈಪ್ ಮಾಡುವುದನ್ನು ನಿಲ್ಲಿಸಿದ್ದಳು. ರವಿ ಸಹಿ ಹಾಕಿ, ಥ್ಯಾಂಕ್ಯೂ ಮೇಡಂ ಎಂದು ಎದ್ದುಹೋದರು. ಅವರ ನೆಟ್ ಪೇ ಎರಡು ಸಲ ತಪ್ಪಾಗಿ ಒತ್ತಿದೆ.

೨ ಸೆಪ್ಟೆಂಬರ್

ಹೊಸ ಸಂಬಳ ಬಂತು. ಆಫೀಸಿನಲ್ಲಿ ಮೈಸೂರುಪಾಕು. ಗಿಡ್ಡಯ್ಯ ಚೀಟಿ ತೆಗೆದು ಮೊಬೈಲಿನ ಮೆಸೇಜಿನ ಪಕ್ಕ ಹಿಡಿದು ನೋಡಿ, ನನಗೆ ಕೈಮುಗಿದರು. ರವಿ ಮಾದಿಹಳ್ಳಿ ಕಡೆ ಫೀಲ್ಡಿಗೆ ಹೋಗಿದ್ದರು. ಅವರ ಪಾಲಿನ ಮೈಸೂರುಪಾಕು ನನ್ನ ಡ್ರಾಯರಿನಲ್ಲಿಟ್ಟೆ. ಇರುವೆ ಬಂತು.

ಕಾಂತಮ್ಮನವರ ಪೆನ್ಷನ್ ಇನ್ನೂ ಮುಗಿದಿಲ್ಲ. ದಿನಾ ಸಂಜೆ ಒಂದು ಹೊಸ ಕಾಗದ ಹುಡುಕಿ ತರುತ್ತಾರೆ. ಲೆಕ್ಕ ಮುಗಿದರೆ ನಾನು ಹೊರಟುಬಿಡುತ್ತೇನೆ ಎಂಬ ಭಯವಿರಬೇಕು.

೮ ಸೆಪ್ಟೆಂಬರ್, ಭಾನುವಾರ

ಅತ್ತೆ ಲಕ್ಕಮ್ಮನವರು ಬಂದರು. ಹಾರನಹಳ್ಳಿಯಿಂದ ಅರಸೀಕೆರೆ, ಅಲ್ಲಿಂದ ಹಳೇಬೀಡು ಬಸ್ಸು, ಅಲ್ಲಿಂದ ಇನ್ನೊಂದು. ಚೀಲದಲ್ಲಿ ತೆಂಗಿನಕಾಯಿ. ಮಗನ ಹತ್ತಿರ ಹೋಗದೆ ನೇರ ನನ್ನ ರೂಮಿಗೆ ಬಂದು, ಹತ್ತಿದ ಮೆಟ್ಟಿಲನ್ನು ಬೈದು, ನೀರು ಕುಡಿದು, ಏನು ಜಗಳ ಎಂದರು. ಲೆಕ್ಕ ಹೇಳಿದೆ. ಲಕ್ಕಮ್ಮನವರಿಗೆ ಲೆಕ್ಕ ಬೇಗ ಅರ್ಥವಾಗುತ್ತದೆ. ನೀನು ಹೇಳುವುದು ಸರಿಯಾಗೇ ಇದೆ ಎಂದರು. ಆಮೇಲೆ ಹೇಳಿದರು:

"ನಿಮ್ಮಾವ ಆ ಮನೆ ಜಗಲೀಲೇ ಮಲಗ್ತಿದ್ರು ಕಣವ್ವ. ಹಗಲೊತ್ತು ಆಪೀಸಲ್ಲಿ ಪಿವನ್ನು, ರಾತ್ರಿ ಸಾಹೇಬ್ರ ಮನೆ ಕಾಯದು. ಮಳೆ ಬಂದ್ರೆ ಹೆಂಚು ಸರಿ ಮಾಡಕ್ಕೆ ಮೇಲಕ್ಕೆ ಹತ್ತಿಸೋರು. ಮೇಲಕ್ಕೆ ಹತ್ತಬೌದು. ಒಳಕ್ಕೆ ಬರಂಗಿಲ್ಲ."

ಮಾವ ತಮ್ಮಯ್ಯನವರನ್ನು ನಾನು ನೋಡಿಲ್ಲ. ಇದೇ ಇಲಾಖೆಯಲ್ಲಿದ್ದರು ಎಂದು ಗೊತ್ತು. ಆ ಮನೆ ನಮ್ಮ ಕ್ವಾರ್ಟರ್ಸೇ ಎಂದು ಗೊತ್ತಿರಲಿಲ್ಲ. ಅತ್ತೆ ಬಂದಾಗಲೆಲ್ಲ ಜಗಲಿಯಲ್ಲೇ ಕೂತು, ಅಲ್ಲೇ ಉಂಡು, ಸಂಜೆ ಬಸ್ಸಿಗೆ ಹೊರಟುಬಿಡುತ್ತಿದ್ದರು. ಗಾಳಿಗೆ ಕೂರುತ್ತಾರೆ ಎಂದುಕೊಂಡಿದ್ದೆ. ಫ್ಯಾನ್ ಬೇರೆ ತಂದಿಟ್ಟಿದ್ದೆ.

೯ ಸೆಪ್ಟೆಂಬರ್

ಬೆಳಿಗ್ಗೆಯಿಂದ ಸಿಟ್ಟು. ಯಾರ ಮೇಲೆ ಎಂದು ಗೊತ್ತಾಗುತ್ತಿಲ್ಲ. ನಾಲ್ಕು ವರ್ಷದಲ್ಲಿ ಒಂದು ಮಾತು ಹೇಳಬಾರದಿತ್ತೇ? ಗಿಡ್ಡಯ್ಯನವರ ರಜೆ ಅರ್ಜಿಯನ್ನು ಸುಮ್ಮಸುಮ್ಮನೆ ವಾಪಸು ಕಳಿಸಿದೆ.

ಸಂಜೆ ಕ್ವಾರ್ಟರ್ಸಿಗೆ ಹೋದೆ. ರವಿ ಸೂರಿನ ಮೇಲೆ. ಹಳೇ ಹೆಂಚು ಮಾರುವವರಿಂದ ಒಂದು ಆಟೋ ಹೆಂಚು ತಂದಿದ್ದರು. ಅತ್ತೆ ಅಂಗಳದಲ್ಲಿ ನಿಂತು, ಅದು ತಲೆಕೆಳಗೆ ಐತೆ ಕಣ್ಲಾ, ಈ ಕಡೆಯದು ಮೊದಲು ಕೂರಿಸು ಎಂದು ಹೇಳುತ್ತಿದ್ದರು. ನಾನು ಏಣಿ ಹಿಡಿದುಕೊಂಡೆ. ನೋಡುತ್ತಿದ್ದ ಹಾಗೇ ಎರಡು ಒಡೆದವು. ರವಿ ಅಲ್ಲೇ ಕೂತುಬಿಟ್ಟರು.

"ಅಪ್ಪಂಗೆ ಬರ್ತಿತ್ತು. ನಂಗೆ ಬರಲ್ಲ."

ಇಳಿದು ಬಂದ ಮೇಲೆ, ನನಗೆ ಯಾಕೆ ಹೇಳಲಿಲ್ಲ ಎಂದು ಕೇಳಿದೆ. ಕೈಯ ಪಾಚಿ ಒರೆಸಿಕೊಳ್ಳುತ್ತ ಹೇಳಿದರು — "ಹೇಳಿದ್ರೆ ನೀನು ಪಾಪ ಅಂತ ಲೆಕ್ಕ ಬಿಟ್ಟುಬಿಡ್ತಿದ್ದೆ. ಅದು ಬೇಡಿತ್ತು ನಂಗೆ."

ಅವರ ಶರಟಿಗೆ ಇಸ್ತ್ರಿ ಹಾಕಿಕೊಟ್ಟು ಬಂದೆ.

೧೫ ಸೆಪ್ಟೆಂಬರ್

ರೈಸ್ ಕುಕ್ಕರ್ ವಾಪಸು ಬಂತು. ನಾನೂ. ಕಾಂತಮ್ಮ ಮುಖ ಊದಿಸಿಕೊಂಡು, ಹಿಂದಿನ ಪೋರ್ಷನ್ ಖಾಲಿಯಾಗುತ್ತದೆ, ಗಂಡನನ್ನೇ ಕರೆದುಕೊಂಡು ಬಾ ಎಂದರು.

ಮಂಚದ ಮೇಲೆ ಈಗ ಸೋರುವುದಿಲ್ಲ. ಅಡುಗೆಮನೆಯಲ್ಲಿ, ಸರಿಯಾಗಿ ಒಲೆಯ ಮೇಲೆ ಸೋರುತ್ತದೆ. ಇಬ್ಬರೂ ನಕ್ಕೆವು. ಬಾಡಿಗೆ ಭತ್ಯೆಯ ಮಾತು ನಾನು ತೆಗೆಯಲಿಲ್ಲ. ಅವರೂ ತೆಗೆಯಲಿಲ್ಲ.

೧೩ ಅಕ್ಟೋಬರ್, ಭಾನುವಾರ

ಹಬ್ಬಕ್ಕೆ ಅತ್ತೆ ಬಂದಿದ್ದಾರೆ. ಮೊನ್ನೆ ಜಗಲಿಯಲ್ಲಿ ಕೂತವರನ್ನು, ಒಳಗೆ ಬಂದು ಮಲಗಿ ಅತ್ತೆ ಎಂದು ಕರೆದೆ. ರವಿ ಬಾಗಿಲಲ್ಲಿ ನಿಂತಿದ್ದರು, ಕರೆಯಲಿಲ್ಲ. ಅತ್ತೆ ಸೆರಗು ಕೊಡವಿಕೊಂಡು ಎದ್ದು ಬಂದರು. ಬುದ್ಧನ ಪಟ, ಬಾಬಾಸಾಹೇಬರ ಪಟ ನೋಡಿದರು. ನಮ್ಮ ರೂಮು, ಹಿಂದಿನ ರೂಮು, ಬಚ್ಚಲು, ಅಟ್ಟ ಎಲ್ಲ ನೋಡಿದರು. ಒಳಗಿನ ಕೋಣೆಯಲ್ಲಿ ಮಂಚದ ಮೇಲೆ ಮಲಗಿದರು. ರವಿ ಆಗಾಗ ಎದ್ದು ಇಣುಕುತ್ತಿದ್ದರು.

ಎರಡು ದಿನ ಮಲಗಿದ ಮೇಲೆ ಇವತ್ತು ಕಾಫಿ ಕುಡಿಯುತ್ತ ತೀರ್ಪು ಕೊಟ್ಟರು. "ಒಳಗೆ ಏನೈತೋ ಏನೈತೋ ಅಂತ ನಾನೂ ನಿಮ್ಮಪ್ಪನೂ ಎಷ್ಟ್ ಮಾತಾಡ್ತಿದ್ವಿ. ಏನೂ ಇಲ್ಲ ಕಣ್ಲಾ. ಥಂಡಿ ಐತೆ."

ರವಿ ಅಮ್ಮನನ್ನೇ ನೋಡುತ್ತಿದ್ದರು. ಆಮೇಲೆ ಜೋರಾಗಿ ನಕ್ಕರು. ಅವರು ಹಾಗೆ ನಕ್ಕದ್ದು ನಾನು ನೋಡಿಯೇ ಇರಲಿಲ್ಲ. ನಗುತ್ತಲೇ ಬಚ್ಚಲಿಗೆ ಹೋಗಿ ತುಂಬ ಹೊತ್ತು ಮುಖ ತೊಳೆದುಕೊಂಡರು.

೨೧ ಅಕ್ಟೋಬರ್

ನನ್ನ ಟೇಬಲ್ಲಿಗೆ ಒಂದು ಅರ್ಜಿ. ಕ್ವಾರ್ಟರ್ಸ್ ತೆರವು ಮಾಡಲು ಅನುಮತಿ ಕೋರಿ. ಆರ್. ರವಿಕುಮಾರ್ ಎಂದು ಬರೆದು, ‘ಆರ್’ ಹೊಡೆದು ಹಾಕಿ, ‘ಟಿ’ ಎಂದು ತಿದ್ದಿ ಸಹಿ. ‘ಟಿ’ ಅವರಪ್ಪ ತಮ್ಮಯ್ಯನವರ ಅಕ್ಷರ, ಅವಸರದಲ್ಲಿ ತಪ್ಪಿರಬೇಕು. ಮನೆಯಲ್ಲಿ ಒಂದು ಮಾತೂ ಹೇಳಿರಲಿಲ್ಲ.

ಕಡತ ತೆರೆದೆ. ಮುಚ್ಚಿದೆ. ‘ಪರಿಶೀಲನೆಯಲ್ಲಿದೆ’ ಎಂದು ಬದಿಗಿಟ್ಟೆ.

೩೦ ಅಕ್ಟೋಬರ್

ಸಾಹೇಬರು ಆ ಕಡತ ಯಾಕೆ ನಿಂತಿದೆ ಎಂದು ಕೇಳಿದರು. ಕೆಲವು ಅಂಶ ಸ್ಪಷ್ಟವಾಗಬೇಕು ಸರ್ ಎಂದೆ. ಯಾವ ಅಂಶ ಎಂದರು. ಅರ್ಜಿದಾರರು ನಿಜವಾಗಿ ಬಿಡಲು ಬಯಸುತ್ತಾರೆಯೇ ಎಂದೆ. ಸಾಹೇಬರು ಕನ್ನಡಕ ತೆಗೆದರು. ಆ ಅರ್ಜಿದಾರರು ನಿಮ್ಮ ಮನೆಯಲ್ಲೇ ಊಟ ಮಾಡುತ್ತಾರಲ್ಲ, ಕೇಳಿ ಎಂದರು.

ಕೇಳಿದೆ. ರವಿ ತಟ್ಟೆಯಿಂದ ತಲೆ ಎತ್ತದೆ ಹೇಳಿದರು. "ಅವ್ವ ಒಳಗೆ ಮಲಗಿ ಎದ್ಲು. ಸಾಕು. ಬಿಲ್ ಮಾಡಿ ಮೇಡಂ."

೧೭ ನವೆಂಬರ್, ಭಾನುವಾರ. ಸಂಜೆ

ಟೆಂಪೋ ಎರಡು ಟ್ರಿಪ್ ಹೊಡೆಯಿತು. ಕಾಂತಮ್ಮನವರ ಹಿಂದಿನ ಪೋರ್ಷನ್. ಸಂಪು ಇದೆ, ಟೈಲ್ಸ್ ಇಲ್ಲ. ಅಡ್ವಾನ್ಸಿನಲ್ಲಿ ಸ್ವಲ್ಪ ಬಿಟ್ಟರು, ಬದಲಿಗೆ ಅವರ ತಂಗಿಯ ಪೆನ್ಷನ್ ಲೆಕ್ಕವೂ ನನ್ನ ಪಾಲಿಗೆ ಬಂತು.

ಹೊರಡುವ ಮುಂಚೆ ಪೊರಕೆ ಹಿಡಿದೆ. ಖಾಲಿ ಮಾಡಿದ ಮನೆಯನ್ನು ಗುಡಿಸಿ ಕೊಡಬೇಕಲ್ಲ. ಅತ್ತೆ ಬಂದು ಪೊರಕೆಯನ್ನು ಕೈಯಿಂದ ತೆಗೆದುಕೊಂಡರು.

"ಬಿಡವ್ವ. ಬರೋರು ಗುಡಿಸ್ಕೊಳ್ಳಲಿ. ಈ ಮನೆ ಅಂಗಳ ನಿಮ್ಮಾವ ಗುಡಿಸಿದ್ದೇ ಸಾಕು."

ಪೊರಕೆಯನ್ನು ಟೆಂಪೋಗೆ ಹಾಕಿ, ಡ್ರೈವರ್ ಪಕ್ಕದ ಸೀಟಿನಲ್ಲಿ ಹತ್ತಿ ಕೂತರು. ರವಿ ಬೀಗ ಹಾಕಿದರು. ನಾಳೆ ಸರ್ಕಾರಿ ರಜೆ, ಕೀ ನಾಡಿದ್ದು ಸಾಹೇಬರಿಗೆ.

ಈಗ ಹೊಸ ಮನೆಯ ಮೆಟ್ಟಿಲ ಮೇಲೆ ಕೂತು ಬರೆಯುತ್ತಿದ್ದೇನೆ. ತೆರವು ಮಾಡಿದ ದಿನದಿಂದ ಭತ್ಯೆ — ಎಂದರೆ ಬೀಗ ಹಾಕಿದ ಇವತ್ತಿನಿಂದಲೋ, ಕೀ ಕೊಡುವ ನಾಡಿದ್ದಿನಿಂದಲೋ? ಎರಡು ದಿನದ ವ್ಯತ್ಯಾಸ, ಇಬ್ಬರಿಗೆ... ರವಿ ಬಂದು ಪಕ್ಕದಲ್ಲಿ ಕೂತು ಇಣುಕುತ್ತಿದ್ದಾರೆ. ಇವತ್ತಿನಿಂದಲೇ ಹಾಕು ಎನ್ನುತ್ತಾರೆ. ನಿಯಮ ನೋಡಬೇಕು ಎಂದೆ. ನಗುತ್ತಿದ್ದಾರೆ. ಅತ್ತೆ ಅನ್ನಕ್ಕೆ ಕರೆಯುತ್ತಿದ್ದಾರೆ, ಒಳಗಿನಿಂದ. ಬಂದೆ ಅತ್ತೆ, ಇದೊಂದು ಸಾಲು ಬರೆದು—