ಕೋಸಿನ ಜಾಡಿಯ ಕಲ್ಲು

ಅಮ್ಮಾ,

ನೀನು ಹೋದ ಮೇಲಿನ ಎರಡನೇ ಚಳಿಗಾಲ ಇದು. ಫುಶುನ್ ಊರಿನ ನಮ್ಮ ಗಣಿ ಕಾಲೊನಿಯ ಹಳೇ ಕ್ಲಬ್ಬಿನಲ್ಲಿ ಇವತ್ತು ಮಧ್ಯಾಹ್ನ ನಿನ್ನ ಮೇಲೆ ನಾನು ಮಾಡಿದ ಸಿನಿಮಾ ತೋರಿಸಿದೆ. ಬಂದವರು ಹನ್ನೊಂದು ಜನ. ಒಬ್ಬ ಶುರುವಾಗುವ ಮೊದಲೇ ನಿದ್ದೆ ಹೋದ.

ನೀನು ಚಳಿಗಾಲಕ್ಕೆಂದು ಕೋಸನ್ನು ಜಾಡಿಯಲ್ಲಿ ಹುಳಿ ಬರಲು ಇಡುವ ದೃಶ್ಯ ಬಂತು. ಏಳು ನಿಮಿಷ, ಎಲ್ಲೂ ಕತ್ತರಿ ಹಾಕಿಲ್ಲ. ಜಾಡಿ ತುಂಬಿ, ಉಪ್ಪು ಉದುರಿಸಿ, ಕೋಸು ಅದುಮಿ ಕೂರಲೆಂದು ಮೇಲಿಡುವ ಕಲ್ಲಿಗೆ ಕೈ ಹಾಕಿದವಳು ಕ್ಯಾಮೆರಾ ಹಿಡಿದಿದ್ದ ನನ್ನತ್ತ ತಿರುಗುತ್ತೀಯ.

"ಈ ಕಡೆ ಸ್ವಲ್ಪ ಹಿಡ್ಕೋ ಮಗಾ."

ಕ್ಯಾಮೆರಾ ಅಲುಗುವುದಿಲ್ಲ.

"ಇರ್ಲಿ ಬಿಡು, ನಿಂಗೆ ಕೆಲ್ಸ ಇದೆ" ಎಂದು ನೀನೇ ಎತ್ತುತ್ತೀಯ. ನಡುವೆ ಒಮ್ಮೆ ಕಲ್ಲನ್ನು ಮೊಣಕಾಲ ಮೇಲಿಟ್ಟುಕೊಂಡು ಉಸಿರೆಳೆದುಕೊಳ್ಳುತ್ತೀಯ.

ಪಕ್ಕದ ಮನೆಯ ಲುವಾನ್ ಚಿಕ್ಕಮ್ಮ ಹಿಂದಿನಿಂದ ಕೂಗಿದಳು: "ಏಯ್, ಹಿಡ್ಕೊಳ್ಳೋ! ಕೈ ಬಿದ್ದುಹೋಗಿದ್ಯಾ ನಿಂಗೆ?"

ಎಲ್ಲರೂ ನಕ್ಕರು. ನನಗೆ ಸಿಟ್ಟು ಬಂತು. ಎದ್ದು ನಿಂತು, ಸಿನಿಮಾ ತೋರಿಸುವ ಎಲ್ಲ ಊರುಗಳಲ್ಲೂ ಹೇಳುವ ಮಾತನ್ನೇ ಹೇಳಿದೆ: "ನಾನು ನೋಡೋನು ಅಷ್ಟೇ ಚಿಕ್ಕಮ್ಮ, ನಡುವೆ ಕೈ ಹಾಕಲ್ಲ. ಹಾಕಿದ್ರೆ ಅದು ನಾಟಕ ಆಗತ್ತೆ."

"ನೋಡೋಕೆ ನಾವೆಲ್ಲ ಇದ್ವಲ್ಲಪ್ಪ" ಅಂದಳು. "ಮಗ ಅಂತ ಇದ್ದೋನು ನೀನೊಬ್ನೇ."

ಆಗ ಯಾರೂ ನಗಲಿಲ್ಲ.

ಮನೆಗೆ ಬಂದವನೇ ಕ್ಯಾಮೆರಾವನ್ನು ಮೇಜಿನ ಮೇಲಿಟ್ಟು ಬಾಲ್ಕನಿಗೆ ಹೋದೆ. ನಿನ್ನ ಜಾಡಿ ಖಾಲಿ ಇದೆ, ಕಲ್ಲು ಅದರ ಪಕ್ಕದಲ್ಲೇ ಇದೆ. ಎತ್ತಿ ನೋಡಿದೆ.

ನಾನೂ ಒಮ್ಮೆ ಮೊಣಕಾಲ ಮೇಲೆ ಇಟ್ಟುಕೊಳ್ಳಬೇಕಾಯಿತು.