ಅಪ್ಪನ ಪೆಡಲಿನ ಜೇನುತುಪ್ಪ

ಅಪ್ಪಾ,

ಸ್ಟೀಲ್ ಡ್ರಮ್ಮಿಗೆ ಆರುನೂರು, ಮಸ್ಕಿಯಾಗ ವೆಲ್ಡಿಂಗಿಗೆ ನಾಕುನೂರು. ನೀ ಹೋದಮ್ಯಾಲೆ ಗ್ವಾಡಿಗೆ ಒರಗಿದ್ದ ನಿನ್ನ ಸೈಕಲ್ಲಿನ ಪೆಡಲು, ಚೈನು ಪುಕ್ಕಟ. ಜೇನುತುಪ್ಪ ತೆಗೆಯೋ ಮಷೀನು ಸಾವಿರಕ್ಕ ಮುಗೀತು.

ಸೈಕಲ್ ಕೊಯ್ಸಿದ್ದು ಕಂಡು ಅವ್ವ, "ನಿಮ್ಮಪ್ಪ ಕೊಟ್ಟಾಗ ಹಳೇದು ಬ್ಯಾಡಂದಿ. ಈಗ ಕೊಯ್ಯಾಕ ಬೇಕಾತೇನಲೇ?" ಅಂದ್ಲು.

ಇವತ್ತು ಸೂರ್ಯಕಾಂತಿ ಹೊಲದ ಜೇನುಪೆಟ್ಟಿಗಿಯಿಂದ ಎಂಟು ಜೇನುಹುಟ್ಟು ತಂದೆ. ಮೊದಲನೇದನ್ನ ಡ್ರಮ್ಮಿನ್ಯಾಗಿಟ್ಟು ಪೆಡಲು ಜೋರು ತಿರುಗಿಸಿ ಮುರಿದೆ. ಅವ್ವ ನನ್ನ ಸರಿಸಿ, "ನಿಮ್ಮಪ್ಪ ನನ್ನ ಹಿಂದ ಕೂರಿಸ್ಕೊಂಡು ತುಳಿತಿದ್ನಲ್ಲ, ಹಂಗ ಸಾವಕಾಶ" ಅಂತ ತಾನೇ ಪೆಡಲು ಹಿಡಿದ್ಲು. ತುಪ್ಪ ಜಾರಿ ಇಳೀತು, ಉಳಿದ ಒಂದೂ ಹುಟ್ಟು ಮುರೀಲಿಲ್ಲ.

ಲೆಕ್ಕ ಇಷ್ಟು: ನನಗ ಐದು ಬಾಟಲಿ ತುಪ್ಪ. ಹುಳಕ್ಕ ಮತ್ತ ತುಂಬಾಕ ಏಳು ಖಾಲಿ ಹುಟ್ಟು ವಾಪಸ್. ಅವ್ವಗ ನಿನ್ನ ಪೆಡಲು.